ಹೊಲ ಇಲ್ಲದವರ ಚರಗ

ಇಳಕಲ್ಲಿನಲ್ಲಿ ಹೊಲ ಇಲ್ಲದವರಿಗೆ ಎಳ್ಳ ಅಮಾಸಿ ಅರ್ಧ ಹಬ್ಬ. ಅಡುಗೆಗೇನೂ ಕಡಿಮೆ ಇರುತ್ತಿರಲಿಲ್ಲ. ಎಳ್ಳು ಹಚ್ಚಿದ ಸಜ್ಜಿ ರೊಟ್ಟಿ, ಎಣ್ಣೆಗಾಯಿ ಬದನಿಕಾಯಿ, ಪುಂಡಿಪಲ್ಯ, ಗುರೆಳ್ಳ ಹಿಂಡಿ, ಶೇಂಗಾ ಹೋಳಿಗಿ ಎಲ್ಲ ಆಗುತ್ತಿತ್ತು. ಅದನ್ನು ಹೊತ್ತುಕೊಂಡು ಹೋಗಿ ಚರಗ ಚೆಲ್ಲಲು ಭೂಮಿ ಮಾತ್ರ ಇರಲಿಲ್ಲ. ಒಕ್ಕಲುತನದ ಮನೆಗಳ ಬಂಡಿಗಳು ಗೆಜ್ಜೆ ಸಪ್ಪಳ ಮಾಡುತ್ತ ಊರು ದಾಟುವಾಗ ನಾವು ನೇಕಾರರ ಓಣಿಯ ಹುಡುಗರು ಕಟ್ಟೆಯ ಮೇಲೆ ನಿಂತು ನೋಡುತ್ತಿದ್ದೆವು. ಆಮೇಲೆ ಒಳಗೆ ಹೋಗಿ ಮಗ್ಗದ ಮಗ್ಗುಲಲ್ಲಿ ಕೂತು ಉಣ್ಣುತ್ತಿದ್ದೆವು. ಅದೇ ರೊಟ್ಟಿ, ಅದೇ ಪಲ್ಯ. ಆದರೂ ಹೊಲದಲ್ಲಿ ಉಂಡು ಬಂದ ಗೆಳೆಯರು ಸಂಜೆ ವರ್ಣಿಸುತ್ತಿದ್ದ ರುಚಿ ನಮ್ಮ ತಾಟಿಗೆ ಬರುತ್ತಿರಲಿಲ್ಲ.

ಅಪ್ಪನದು ಕುಣಿ ಮಗ್ಗ. ನೆಲದಲ್ಲಿ ತೋಡಿದ ಕುಣಿಯೊಳಗೆ ಕಾಲು ಇಳಿಬಿಟ್ಟು ಬೆಳಗಿನಿಂದ ದೀಪ ಹಚ್ಚುವ ತನಕ ಲಾಳಿ ಓಡಿಸುತ್ತಿದ್ದ. ಇಳಕಲ್ ಸೀರೆಯಲ್ಲಿ ಮೈಯ ಹಾಸು ಬೇರೆ, ಸೆರಗಿನ ಕೆಂಪು ರೇಷ್ಮೆಯ ಹಾಸು ಬೇರೆ. ಎರಡನ್ನೂ ಎಳೆಗೆ ಎಳೆ ಕೊಂಡಿ ಹಾಕಿ ಕೂಡಿಸಬೇಕು. ಆ ಕೆಲಸ ಅವ್ವನದು ಮತ್ತು ಆಯಿಯದು. ಸೆರಗಿನ ಮೇಲೆ ಬಿಳಿಯಲ್ಲಿ ಟೋಪ್ ತೆನಿ ಏಳುತ್ತಿದ್ದಂತೆ ಮಾಲಕರ ಮನೆಯಿಂದ ಕರೆ ಬರುತ್ತಿತ್ತು, ಸೀರೆ ಕೊಟ್ಟು ಕೂಲಿ ತಂದರೆ ಮುಗಿಯಿತು. ಅದನ್ನು ಯಾರು ಉಟ್ಟರು, ಎಲ್ಲಿ ಉಟ್ಟರು, ಉಟ್ಟಾಗ ಹೇಗೆ ಕಂಡಿತು ಎನ್ನುವುದು ನೇಯ್ದವನಿಗೆ ತಿಳಿಯುವ ದಾರಿಯೇ ಇರಲಿಲ್ಲ.

1980ರ ದಶಕದ ನಡುವಿನ ಒಂದು ವರ್ಷ ಆಯಿ ಹಟ ಹಿಡಿದಳು. ನಮ್ಮ ಮನೆಯಲ್ಲಿ ಅಮಾಸಿಗೆ ಮಗ್ಗ ಹಾಕುವ ವಾಡಿಕೆ ಇರಲಿಲ್ಲ. ಎಳ್ಳ ಅಮಾಸಿಯ ದಿನವೇ ಬನಶಂಕರಿಗೆ ಹೋಗಿ ಬರೋಣ ಎಂದಳು. ಬನಶಂಕರಿ ದೇವಾಂಗ ನೇಕಾರರ ಕುಲದೇವತೆ. ಬನದ ಹುಣ್ಣಿಮೆಗೆ ಜಾತ್ರೆ ಕೂಡಿದರೆ ಗದ್ದಲದಲ್ಲಿ ದೇವಿಯ ಮುಖವೂ ಕಾಣುವುದಿಲ್ಲ, ಹದಿನೈದು ದಿನ ಮೊದಲೇ ಹೋದರೆ ಕಣ್ತುಂಬ ನೋಡಬಹುದು ಎಂಬುದು ಅವಳ ಲೆಕ್ಕ. ಆಗ ಬಾಗಲಕೋಟೆ ಜಿಲ್ಲೆಯಾಗಿರಲಿಲ್ಲ, 1997ರ ತನಕ ನಮ್ಮದೆಲ್ಲ ವಿಜಾಪುರ ಜಿಲ್ಲೆ. ಕೋರ್ಟು ಕಚೇರಿ ಕೆಲಸ ಇದ್ದ ಗಂಡಸರು ವಿಜಾಪುರ ಕಂಡಿದ್ದರು. ಓಣಿಯ ಹೆಂಗಸರಲ್ಲಿ ಹುನಗುಂದ ದಾಟಿದವರು ಕಡಿಮೆ. ಆಯಿಯ ಮಾತು ಹಬ್ಬುತ್ತಲೇ ಅಕ್ಕಪಕ್ಕದ ಮಗ್ಗದವರೂ ಸೇರಿದರು, ಕಾಕಾ ಒಂದು ಮೆಟಡಾರ್ ಗೊತ್ತು ಮಾಡಿದ.

ಬುತ್ತಿಯ ತಯಾರಿ ಮೊದಲೇ ಶುರುವಾಗಿತ್ತು. ಕಟಿ ರೊಟ್ಟಿ ಬಡಿದು ಒಣಗಿಸಿ ಬಿಳಿ ಧೋತರದಲ್ಲಿ ಕಟ್ಟಿದ್ದರು. ಹಿಂಡಿ, ಕೆಂಪು ಖಾರ, ಉಪ್ಪಿನಕಾಯಿಗೆ ಭರಣಿ. ಮೊಸರು ಗಡಿಗೆಯಲ್ಲಿ. ಹೋಳಿಗಿ ಮುರಿಯಬಾರದೆಂದು ಎಲ್ಲಕ್ಕಿಂತ ಮೇಲೆ. ಬಿದಿರಿನ ಆ ದೊಡ್ಡ ಬುಟ್ಟಿಯನ್ನು ಆಯಿ ತನ್ನ ಪಕ್ಕದ ಸೀಟಿನ ಮೇಲೆ ಇರಿಸಿಕೊಂಡು ಕೂತಳು. ಮಕ್ಕಳು ಬೇಕಾದರೆ ನೆಲದ ಮೇಲೆ ಕೂರಲಿ ಎಂದಳು. ಹೋಗುವವರಿಗಿಂತ ಹೆಚ್ಚು ಬಾಯಿಗೆ ಆಗುವಷ್ಟು ಕಟ್ಟುವುದು ನಮ್ಮ ಕಡೆಯ ಬುತ್ತಿಯ ಕ್ರಮ. ದಾರಿಯಲ್ಲಿ ಯಾರಾದರೂ ಸಿಗದೆ ಇರುವುದಿಲ್ಲ ಎಂಬುದನ್ನು ಮೊದಲೇ ಹಿಡಿದು ರೊಟ್ಟಿ ಎಣಿಸುತ್ತಾರೆ. ಡ್ರೈವರ್ ಹುನಗುಂದದವನು. ಹಿಂಡಿಯ ವಾಸನೆಗೆ ಹಸಿವಾಗಿ ಗಾಡಿ ತಾನೇ ಓಡುತ್ತದೆ ಎಂದ.

ಹುನಗುಂದದಲ್ಲಿ ಚಹಾ ಕುಡಿದದ್ದಷ್ಟೇ. ಕೂಡಲಸಂಗಮಕ್ಕೂ ಹೋಗೋಣ ಎಂದು ಯಾರೋ ಅಂದರು. ಸಂಕ್ರಾಂತಿಗೆ ಹೊಳಿ ಜಳಕಕ್ಕೆ ಹೇಗೂ ಹೋಗುವುದಿದೆ ಎಂದು ಆಯಿ ತಳ್ಳಿಹಾಕಿದಳು. ಅಮೀನಗಡದಲ್ಲಿ ಅಪ್ಪ ಕರದಂಟು ಕೊಂಡ. ಬೆಲ್ಲ, ಒಣಕೊಬ್ಬರಿ, ಉತ್ತತ್ತಿ, ತುಪ್ಪದಲ್ಲಿ ಹುರಿದ ಅಂಟು ಕೂಡಿದ ಆ ಸಿಹಿ ನಮ್ಮ ಮನೆಯಲ್ಲಿ ಬಾಣಂತಿಯರ ತಿನಿಸು. ಬಾಣಂತಿ ಇಲ್ಲದ ವರ್ಷ ಕರದಂಟು ಕಂಡದ್ದು ನನಗೆ ಅದೇ ಮೊದಲು. ಪೊಟ್ಟಣ ಸಣ್ಣದು, ಕೈಗಳು ಬಹಳ.

ಅಮೀನಗಡ ಬಿಟ್ಟು ಐಹೊಳೆಯ ದಾರಿ ಹಿಡಿದ ಮೇಲೆ ಕಿಟಕಿಯ ಜಾಗಕ್ಕೆ ಜಗಳ ಶುರುವಾಯಿತು. ಎರಡೂ ಕಡೆ ಎರಿ ಹೊಲ, ಎದೆಮಟ್ಟ ಹಿಂಗಾರಿ ಬಿಳಿಜೋಳ, ನಡುನಡುವೆ ಕಡಲಿ, ಅಂಚಿಗೆ ಮುಳ್ಳು ಕುಸುಬಿ. ಕುಸುಬಿಯನ್ನು ಅಂಚಿಗೆ ಬಿತ್ತುವುದು ಎಣ್ಣೆಗೂ ಆಯಿತು, ದನ ನುಗ್ಗದಂತೆ ಬೇಲಿಗೂ ಆಯಿತು ಎಂದು. ದೂರದಲ್ಲಿ ಕೆಂಪು ಕಲ್ಲಿನ ಗುಡ್ಡದ ಸಾಲು. ಆ ಗುಡ್ಡದ ಮರಳುಗಲ್ಲಿನಲ್ಲೇ ಚಾಲುಕ್ಯರು ಗವಿ ಕೊರೆದರು, ಗುಡಿ ಕಟ್ಟಿದರು. ದಾರಿಯ ತುಂಬ ಬಂಡಿಗಳು. ಕೋಡಿಗೆ ಬಣ್ಣ ಬಳಿದ ಎತ್ತು, ಬಂಡಿಯಲ್ಲಿ ಬುಟ್ಟಿ ಹಿಡಿದ ಹೆಂಗಸರು, ಹಿಂದೆ ಕಾಲು ಇಳಿಬಿಟ್ಟ ಹುಡುಗರು.

ನಾವೆಲ್ಲ ಹೊಲ ನೋಡುತ್ತಿದ್ದರೆ ಅಪ್ಪ ನೋಡಿದ್ದು ಸೀರೆ. ಹಬ್ಬಕ್ಕೆಂದು ಹೊಸದು ಉಟ್ಟ ಹೆಂಗಸರು ಬಂಡಿಗೊಬ್ಬೊಬ್ಬರಾದರೂ ಇದ್ದರು. ಮೆಟಡಾರ್ ಬಂಡಿಯನ್ನು ಹಿಂದೆ ಹಾಕುವ ಆ ಗಳಿಗೆಯಲ್ಲೇ ಅಪ್ಪ ಹೇಳಿಬಿಡುತ್ತಿದ್ದ: "ಚಿಕ್ಕಿ ಪರಾಸು." "ಗೋಮಿ ದಡಿ." "ಇದು ನಮ್ಮ ಓಣೀದಪಾ, ಸೆರಗಿನ ಕೆಂಪು ನೋಡು." ಒಂದು ಸೀರೆ ಕಂಡಾಗ ಅವನು ಸುಮ್ಮನಾಗಿ ಕುತ್ತಿಗೆ ಹೊರಳಿಸಿ ಕಾಣುವ ತನಕ ನೋಡಿದ. ತನ್ನದಿರಬಹುದೇ ಎಂದು ಕೇಳಿದೆ. "ಯಾರಿಗ್ಗೊತ್ತು" ಎಂದ. ಗೊತ್ತಿತ್ತು ಎಂದೇ ನನ್ನ ಅನುಮಾನ. ಇಷ್ಟು ವರ್ಷ ನೇಯ್ದ ಬಟ್ಟೆ ಬಿಸಿಲಿನಲ್ಲಿ, ಹೊಲದ ನಡುವೆ, ಮೈಮೇಲೆ ಇದ್ದಾಗ ಹೇಗಿರುತ್ತದೆಂದು ಅವನು ಕಂಡದ್ದು ಆ ದಾರಿಯಲ್ಲಿ. ಕುಣಿಯ ಕತ್ತಲಿನಲ್ಲಿ ಅದು ಬೇರೆಯೇ ಬಣ್ಣ.

ಐಹೊಳೆಯಲ್ಲಿ ಆಗ ಗುಡಿಯ ಗೋಡೆಗೂ ಮನೆಯ ಗೋಡೆಗೂ ನಡುವೆ ಒಂದು ಕೈ ಹಾಯುವಷ್ಟು ಸಂದಿ. ಅಲ್ಲಿನ ಗುಡಿಗಳ ಹೆಸರೇ ಇದಕ್ಕೆ ಸಾಕ್ಷಿ: ಒಳಗೆ ವಾಸ ಮಾಡಿದವನಿಂದ ಲಾಡಖಾನ ಗುಡಿ, ಗೌಡರಿಂದ ಗೌಡರ ಗುಡಿ, ಹುಚ್ಚಪ್ಪಯ್ಯನಿಂದ ಹುಚ್ಚಪ್ಪಯ್ಯನ ಗುಡಿ. ಕಟ್ಟಿಸಿದವರ ಹೆಸರು ಹೋಗಿ ಇದ್ದವರ ಹೆಸರು ಉಳಿದದ್ದರಲ್ಲಿ ನನಗಂತೂ ತಪ್ಪು ಕಾಣುವುದಿಲ್ಲ. ದುರ್ಗದ ಗುಡಿಯ ಸುತ್ತ ನಡೆಯುವಾಗ ಅಪ್ಪ ಕಲ್ಲಿನ ಜಾಲಂದ್ರಗಳ ಮುಂದೆ ನಿಂತುಬಿಟ್ಟ. ಚೌಕ, ಪಟ್ಟಿ, ಅಂಕುಡೊಂಕು ಎಲ್ಲವನ್ನೂ ಬೆರಳಿನಿಂದ ತಿದ್ದಿ ನೋಡಿ, ಇವನ್ನು ನೇಯಬಹುದು ಎಂದ. ಚಕ್ರದಂಥದ್ದೊಂದು ಕಂಡಾಗ ಬೇಡ ಎಂದು ತಲೆಯಾಡಿಸಿದ. "ಗುಂಡಗ ಇದ್ದದ್ದನ್ನ ಮಗ್ಗದಾಗ ಗುಂಡಗ ತರೂದು ಭಾಳ ತ್ರಾಸ." ಮೇಗುತಿ ಗುಡ್ಡ ಹತ್ತಲು ಹೊತ್ತಿರಲಿಲ್ಲ. ಅಲ್ಲಿನ ಜಿನಾಲಯದಲ್ಲಿ 634ರ ರವಿಕೀರ್ತಿಯ ಶಾಸನವಿದೆ, ಎರಡನೆಯ ಪುಲಿಕೇಶಿಯನ್ನು ಹೊಗಳುವ ಆ ಕವಿ ತನ್ನನ್ನು ಕಾಳಿದಾಸ, ಭಾರವಿಯರ ಸಾಲಿಗೆ ಸೇರಿಸಿಕೊಂಡಿದ್ದಾನೆ ಎಂದು ನಾನು ತಿಳಿದದ್ದು ಬಹಳ ಆಮೇಲೆ. ಕೆಲಸದ ಮೇಲೆ ಅಷ್ಟು ಅಭಿಮಾನ ಇದ್ದವನ ಮಾತು ಅಪ್ಪನಿಗೆ ಹಿಡಿಸುತ್ತಿತ್ತು.

ಊಟಕ್ಕೆ ಜಾಗ ಗೊತ್ತಾಗಿತ್ತು. ಪಟ್ಟದಕಲ್ಲಿನಲ್ಲಿ ಮಲಪ್ರಭೆಯ ದಂಡೆ, ಮರದ ನೆರಳು, ನಾವು ನಾವೇ. ಡ್ರೈವರ್ ಹೇಳಿದ ಆ ಜಾಗವನ್ನು ನಾವು ಮನಸ್ಸಿನಲ್ಲೇ ಹಾಸಿಕೊಂಡು ಕೂತಿದ್ದೆವು. ಐಹೊಳೆ ಬಿಟ್ಟು ಸ್ವಲ್ಪ ದೂರ ಹೋಗುವುದರೊಳಗೆ ಮುಂದೆ ಒಂದು ಬಂಡಿ ಹೊಲಕ್ಕೆ ತಿರುಗಲು ದಾರಿಗಡ್ಡ ನಿಂತಿತು. ಬಂಡಿಯಿಂದ ಇಳಿದ ಹಿರಿಯ ಹೆಣ್ಣುಮಗಳು ನೇರ ನಮ್ಮ ಕಿಟಕಿಗೆ ಬಂದಳು.

"ಯಾವೂರ್ರೀ?"

"ಇಳಕಲ್ಲ ಯಕ್ಕಾ. ಬನಶಂಕ್ರಿಗೆ ಹೊಂಟೀವಿ."

"ಇವತ್ತಿನ ದಿನ ಯಾರರ ಹೊಲ ದಾಟಿ ಹಂಗ ಹೋಗ್ತಾರೇನು? ಇಳೀರಿ, ಉಂಡು ಹೋಗ್ರಿ."

"ನಮ್ಮ ಬುತ್ತಿ ಐತ್ರಿ. ಹೊಳಿ ದಂಡಿಗೆ ಕುಂತು ಉಣ್ತೀವಿ" ಎಂದಳು ಆಯಿ.

"ಬುತ್ತಿ ಇಲ್ಲೇ ಬಿಚ್ಚ್ರಿ. ಹೊಳಿ ಎಲ್ಲಿ ಓಡಿ ಹೋಗ್ತೈತಿ?"

ಇದಕ್ಕೆ ಆಯಿಯ ಬಳಿ ಉತ್ತರವಿರಲಿಲ್ಲ. ಓಣಿಯಲ್ಲಿ ಅವಳ ಬಾಯಿ ಮುಚ್ಚಿಸಿದವರಿಲ್ಲ. ಈ ಹೆಂಗಸು ಕಂಡ ಗಳಿಗೆಯಲ್ಲೇ ಮುಚ್ಚಿಸಿದಳು. ಎಲ್ಲರೂ ಇಳಿದೆವು.

ಬನ್ನಿ ಗಿಡದ ಬುಡದಲ್ಲಿ ಐದು ಕಲ್ಲುಗಳಿಗೆ ಸುಣ್ಣ ಹಚ್ಚಿ ಸಾಲಾಗಿ ಇಟ್ಟಿದ್ದರು, ಪಾಂಡವರು. ಮುಂದೆ ಎಲೆಯ ಮೇಲೆ ಎಲ್ಲ ಅಡುಗೆಯ ಎಡೆ. ಬೆಳೆ ಹೊತ್ತ ಭೂಮಿತಾಯಿ ಬಸುರಿ, ಅವಳ ಬಯಕೆಗೆ ಈ ಊಟ. ಜೋಳದ ಬಾನ, ಕಡಬು, ಪಲ್ಯ, ಕಾಳು ಎಲ್ಲವನ್ನೂ ಒಂದು ಬುಟ್ಟಿಯಲ್ಲಿ ಕಲಸಿ ಹೊಲದ ನಾಲ್ಕೂ ಕಡೆ ಚೆಲ್ಲುತ್ತ ಹೋಗುವುದೇ ಚರಗ. ಮುಂದೆ ಹೋಗುವವನು ಕೂಗಿ ಚೆಲ್ಲಬೇಕು, ಹಿಂದೆ ತಂಬಿಗೆಯಲ್ಲಿ ನೀರು ಚಿಮುಕಿಸುತ್ತ ಹೋಗುವವನು ಅದಕ್ಕೆ ಮರುಕೂಗು ಕೊಡಬೇಕು. ಮನೆಯ ಯಜಮಾನ ತಂಬಿಗೆಯನ್ನು ಅಪ್ಪನ ಕೈಗೆ ಕೊಟ್ಟ. ಅಪ್ಪ ನಾಚಿದ. ನಮಗೆ ಹೊಲ ಇಲ್ಲ, ಕೂಗಿನ ರೂಢಿ ಇಲ್ಲ ಎಂದ. "ರೂಢಿ ಏನ್ ಬ್ಯಾಡ್ರಿ ಕಾಕಾ, ಗಂಟಲ ಇದ್ರ ಸಾಕು" ಎಂದ ಅವನು. ಮೊದಲ ಕೂಗು ಅಪ್ಪನ ಬಾಯಿಂದ ಬಂದಾಗ ಅವ್ವ ಸೆರಗು ಬಾಯಿಗೆ ಒತ್ತಿಕೊಂಡು ನಕ್ಕಳು. ಎರಡನೆಯ ಬದುವಿಗೆ ಬರುವಷ್ಟರಲ್ಲಿ ಅಪ್ಪನ ದನಿ ಯಜಮಾನನ ದನಿಯನ್ನು ಮುಚ್ಚಿತ್ತು. ಮಗ್ಗದ ಸಪ್ಪಳದ ಮೇಲೆ ಮಾತಾಡಿ ಪಳಗಿದ ಗಂಟಲಿಗೆ ಆ ದಿನ ಮೈದಾನ ಸಿಕ್ಕಿತ್ತು.

ತಿರುಗಿ ಬರುವಾಗ ಅಪ್ಪನ ಕೈಯಲ್ಲಿ ಒಂದು ಹಾಲುಗಾಳಿನ ತೆನೆ ಇತ್ತು. ಸೆರಗಿನ ತೆನೆ ಹೀಗೇ ಇದೆಯೇ ಎಂದು ಕೇಳಿದೆ. ಅತ್ತಿತ್ತ ತಿರುಗಿಸಿ ನೋಡಿ, "ಏನೂ ಹೊಂದಂಗಿಲ್ಲ. ನಮ್ಮದು ಹಣಿಗಿ ಇದ್ದಂಗ ಐತಿ" ಎಂದ.

ಊಟಕ್ಕೆ ಕಂಬಳಿ ಹಾಸಿದರು. ಯಾರ ಬುತ್ತಿ ಯಾರ ತಾಟಿಗೆ ಬಂತೆಂಬ ಲೆಕ್ಕ ಮೊದಲ ತುತ್ತಿಗೇ ತಪ್ಪಿತು. ನಮ್ಮ ಹೋಳಿಗಿ ಅವರ ಮಕ್ಕಳ ಕೈಗೆ, ಅವರ ಮೊಸರು ಬಾನ ನಮ್ಮ ತಾಟಿಗೆ. ಹಿಂಡಿಯ ವಿಷಯದಲ್ಲಿ ಆಯಿಗೂ ಆ ಹಿರಿಯಳಿಗೂ ಸ್ಪರ್ಧೆ. ನಾನು ಎರಡನ್ನೂ ನಿಷ್ಪಕ್ಷಪಾತವಾಗಿ ತಿಂದೆ. ಅವರ ಹಿಂಡಿಯಲ್ಲಿ ಬಳ್ಳೊಳ್ಳಿ ಒಂದು ಕೈ ಮೇಲಿತ್ತು, ಆಯಿಯ ಎದುರು ಹೇಳಲಿಲ್ಲ. ಬದುವಿನ ಮೇಲೆ ಕುಳ್ಳಿನ ಬೆಂಕಿ ಮಾಡಿ ಹುಡುಗರು ಸುಲಗಾಯಿ ಸುಟ್ಟರು. ಗಿಡ ಸಮೇತ ಹಸಿ ಕಡಲಿಯನ್ನು ಬೆಂಕಿಗೆ ಹಿಡಿದು, ಕರಿಯಾದ ಸಿಪ್ಪೆಯೊಳಗಿಂದ ಹಸಿರು ಕಾಳು ಬಿಡಿಸಿ ತಿನ್ನುವುದು. ತುಟಿ, ಮೂಗು, ಅಂಗಿ ಎಲ್ಲ ಮಸಿ.

ಆ ಮನೆಯ ಮಗಳು ಬಾಗಲಕೋಟೆಗೆ ಕೊಟ್ಟವಳು, ಹಬ್ಬಕ್ಕೆ ತವರಿಗೆ ಬಂದಿದ್ದಳು. ಆಲಮಟ್ಟಿಯ ಆಣೆಕಟ್ಟಿನ ನೀರು ನಿಂತರೆ ಊರಿಗೆ ಊರೇ ಏಳಬೇಕಂತೆ ಎಂದು ಹೇಳುತ್ತಿದ್ದಳು. "ಯಾವಾಗ ಅಂತ ಕೇಳಿದ್ರ ಒಬ್ಬರೊಂದು ಹೇಳ್ತಾರ. ಮನಿ ಗ್ವಾಡಿಗೆ ಸುಣ್ಣ ಹಚ್ಚೂದೂ ಬಿಟ್ಟಾರ ನಮ್ಮತ್ತಿ." ಹಿನ್ನೀರು ಹಳೆಯ ಬಾಗಲಕೋಟೆಯ ಓಣಿಗಳಿಗೆ ಏರಿ ಜನ ನವನಗರಕ್ಕೆ ಹೋದದ್ದನ್ನು ಮುಂದೆ ನೋಡಿದಾಗೆಲ್ಲ ಈ ಮಾತು ನೆನಪಾಗುತ್ತದೆ. ಆ ಹೊತ್ತಿಗೆ ಅಪ್ಪನ ಕಣ್ಣು ಮಾತ್ರ ಅವಳ ಸೆರಗಿನ ಮೇಲೆ. ಮೈಗೂ ಸೆರಗಿಗೂ ಕೊಂಡಿ ಕೂಡುವ ಕಡೆ ಒಂದೆಡೆ ಎಳೆ ಜಾರಿ ಗಂಟು ಕಟ್ಟಿತ್ತು. ಅವನು ಬಾಯಿ ತೆರೆಯುವ ಮೊದಲೇ ಅವ್ವ ಇನ್ನೊಂದು ರೊಟ್ಟಿ ಬಡಿಸಿದಳು.

ಕಾಕಾನದು ಬೇರೆ ಪಾಡು. ಇಳಕಲ್ಲಿನ ವಿಜಯ ಮಹಾಂತೇಶ ಮಠದ ಮಹಾಂತ ಅಪ್ಪಗಳು 1975ರಿಂದ ಜೋಳಿಗೆ ಹಿಡಿದು ಮನೆಮನೆಗೆ ಬರುತ್ತಿದ್ದರು. ದುಡ್ಡಲ್ಲ, ಧಾನ್ಯವಲ್ಲ, ಜನರ ಚಟಗಳನ್ನು ಬೇಡುತ್ತಿದ್ದರು. ಕಾಕಾ ತನ್ನ ತಂಬಾಕಿನ ಚೀಲವನ್ನು ಆ ಮಹಾಂತ ಜೋಳಿಗೆಗೆ ಹಾಕಿದವನು. ಉಂಡಾದ ಮೇಲೆ ಯಜಮಾನ ತಂಬಾಕು ತಿಕ್ಕಿ ಮುಂದೆ ಹಿಡಿದಾಗ ಅವನು ಎದ್ದು ಎತ್ತುಗಳ ಕಡೆ ನಡೆದುಬಿಟ್ಟ. ಎತ್ತಿನ ಬಗ್ಗೆ ಅವನಿಗೆ ಏನೂ ಗೊತ್ತಿರಲಿಲ್ಲ. ಸಾಕಷ್ಟು ಹೊತ್ತು ಅವುಗಳ ಹಲ್ಲು ನೋಡುತ್ತ ನಿಂತಿದ್ದ.

ನಾವು ಹೊಳೆದಂಡೆಯಲ್ಲಿ ಬಯಸಿದ್ದ 'ನಾವು ನಾವೇ' ಊಟವನ್ನು ದುಡ್ಡು ಕೊಟ್ಟು ಕೊಳ್ಳುವವರೂ ಇದ್ದಾರೆ. ಈಚೆಗೆ ನಮ್ಮ ಸೋದರಳಿಯ ಪೆರು ದೇಶಕ್ಕೆ ಹೋಗಿ ಬಂದು ವಿಡಿಯೋ ತೋರಿಸಿದ. ಆಂಡೀಸ್ ಬೆಟ್ಟಗಳ ನಡುವಿನ ಕಣಿವೆ, ಮೆಕ್ಕೆಜೋಳ ಮತ್ತು ಆಲೂಗಡ್ಡೆಯ ಹೊಲ, ಅದರ ಅಂಚಿಗೆ ಬಿಳಿ ಬಟ್ಟೆ ಹಾಸಿದ ಮೇಜು, ಗಂಡ ಹೆಂಡತಿ ಇಬ್ಬರೇ. ಸುತ್ತ ಬೇರೆ ಯಾರೂ ಸುಳಿಯದಂತೆ ನೋಡಿಕೊಳ್ಳುವುದಕ್ಕೂ ಸೇರಿಸಿ ದುಡ್ಡು ತೆಗೆದುಕೊಳ್ಳುತ್ತಾರಂತೆ. ನೋಟ ಚೆಲುವಾಗಿತ್ತು, ಸುಳ್ಳು ಹೇಳಲಾರೆ. ಆದರೆ ಅದೇ ಬೆಟ್ಟದ ರೈತರು ಸುಗ್ಗಿಯಲ್ಲಿ ಮಣ್ಣಿನ ಹೆಂಟೆಗಳನ್ನೇ ಗುಮ್ಮಟದಂತೆ ಪೇರಿಸಿ, ಒಳಗೆ ಬೆಂಕಿ ಮಾಡಿ, ಕಾದ ಮೇಲೆ ಅದನ್ನು ಆಲೂಗಡ್ಡೆಯ ಮೇಲೆ ಕೆಡವಿ ಬೇಯಿಸಿ, ಹೊಲದಲ್ಲೇ ಎಲ್ಲರೂ ಕೂಡಿ ತಿನ್ನುತ್ತಾರೆ. ಮೆಕ್ಕೆಜೋಳದ ಚೀಚಾ ಕುಡಿಯುವ ಮೊದಲು ಒಂದಿಷ್ಟನ್ನು ನೆಲಕ್ಕೆ ಚೆಲ್ಲುತ್ತಾರೆ, ಭೂತಾಯಿ ಪಚಮಾಮಾಳ ಪಾಲು. ಅದನ್ನು ನೋಡಲಿಲ್ಲವೇ ಎಂದು ಕೇಳಿದೆ. ಅದು ಪ್ಯಾಕೇಜಿನಲ್ಲಿ ಇರಲಿಲ್ಲ ಎಂದ. ಈಗ ನಮ್ಮ ಕಡೆಯೂ ಎಳ್ಳ ಅಮಾಸಿಗೆ ಕಾರು ಮಾಡಿಕೊಂಡು ಬರುವವರಿದ್ದಾರೆ. ಹೊಲದವರು ಕರೆಯುತ್ತಾರೆ, ಅವರು ಫೋಟೋ ತೆಗೆದುಕೊಂಡು ಕೈ ಬೀಸಿ ಮುಂದೆ ಹೋಗುತ್ತಾರೆ. ನಮ್ಮನ್ನು ನಿಲ್ಲಿಸಿದ ಆ ಹೆಣ್ಣುಮಗಳಾಗಿದ್ದರೆ ಬಂಡಿಯನ್ನು ಇನ್ನೂ ಅಡ್ಡ ಹಾಕುತ್ತಿದ್ದಳು.

ಆ ದಿನ ಹೀಗೆ ನಮಗೆ ಹೊಳೆದಂಡೆಯ ಊಟ ತಪ್ಪಿತು. ಪಟ್ಟದಕಲ್ಲು ತಲುಪುವಾಗ ಹೊಟ್ಟೆ ತುಂಬಿ ಅರ್ಧ ಜನಕ್ಕೆ ನಿದ್ದೆ. ಅದು 1987ರಲ್ಲಿ ವಿಶ್ವ ಪರಂಪರೆಯ ಪಟ್ಟಿ ಸೇರುವುದಕ್ಕೂ ಮೊದಲಿನ ಮಾತು. ಈಗ ಬೇಲಿ, ಹುಲ್ಲುಹಾಸು, ಟಿಕೆಟ್ಟು ಎಲ್ಲ ಇದೆ. ಇರಬೇಕಾದದ್ದೇ, ನಮ್ಮಂಥವರ ಎಣ್ಣೆ ಕೈ ತಾಗಿ ಆ ಕಲ್ಲು ಎಷ್ಟು ದಿನ ತಾಳೀತು? ಕಂಚಿಯ ಪಲ್ಲವರನ್ನು ಗೆದ್ದು ಬಂದ ಎರಡನೆಯ ವಿಕ್ರಮಾದಿತ್ಯನ ಗೆಲುವಿನ ನೆನಪಿಗೆ ರಾಣಿ ಲೋಕಮಹಾದೇವಿ ಕಟ್ಟಿಸಿದ್ದು ವಿರೂಪಾಕ್ಷ ಗುಡಿ. ಯುದ್ಧ ಗೆದ್ದವನು ಗಂಡ, ಗುಡಿ ಕಟ್ಟಿಸಿದವಳು ಹೆಂಡತಿ ಎಂದು ಅಲ್ಲಿದ್ದ ಒಬ್ಬರು ವಿವರಿಸಿದಾಗ, ಆಯಿ ಅಪ್ಪನ ಕಡೆ ನೋಡಿ "ಕೊಂಡಿ ಹಾಕೂವಾಕಿ ಹೆಸರು ಯಾವ ಸೀರಿ ಮ್ಯಾಲೂ ಇಲ್ಲ" ಎಂದಳು. ನೇಯುವವನದೂ ಇಲ್ಲ ಎಂದ ಅಪ್ಪ. ಮಲಪ್ರಭೆ ಅಲ್ಲಿ ಉತ್ತರಕ್ಕೆ ಹರಿಯುತ್ತದೆ, ಹಾಗಾಗಿ ಪುಣ್ಯ ಹೆಚ್ಚು. ಎಲ್ಲರೂ ಕಾಲು ತೊಳೆದುಕೊಂಡೆವು.

ಮಹಾಕೂಟದಲ್ಲಿ ದೊಡ್ಡ ಮರಗಳ ನೆರಳು, ಬತ್ತದ ಊಟೆ, ಅದರ ಪುಷ್ಕರಣಿಯಲ್ಲಿ ನಾಲ್ಕು ಮುಖದ ಲಿಂಗ. ನಮಗೆ ಹುಡುಗರಿಗೆ ಇಡೀ ಪ್ರವಾಸ ಎಂದರೆ ಅದೇ. ಬಾವಿಯೇ ಆಳ ಹೋದ ಊರಿನವರು ಕೈಗೆ ಸಿಗುವ ಮಟ್ಟದಲ್ಲಿ ತಿಳಿನೀರು ಕಂಡರೆ ಏನಾಗುತ್ತದೋ ಅದೇ ಆಯಿತು. ಒಣಗಿದ ಬಟ್ಟೆ ಒಂದೂ ಉಳಿಯಲಿಲ್ಲ. ಮರದಿಂದ ಇಳಿದ ಮಂಗ ಉಳಿದ ಕರದಂಟನ್ನು ಪೊಟ್ಟಣ ಸಮೇತ ಒಯ್ದಿತು. ಬಾದಾಮಿಯ ಗವಿಗಳನ್ನು ಅಗಸ್ತ್ಯ ತೀರ್ಥದ ದಂಡೆಯಿಂದ ತಲೆಯೆತ್ತಿ ನೋಡಿದ್ದಷ್ಟೇ. ಹೊತ್ತು ಇಳಿದಿತ್ತು, ಹಸಿ ಬಟ್ಟೆಯ ಹುಡುಗರು ನಡುಗುತ್ತಿದ್ದರು.

ಬನಶಂಕರಿಯಲ್ಲಿ ಜಾತ್ರೆಯ ಸಿದ್ಧತೆ ನಡೆದಿತ್ತು. ನಾಟಕ ಕಂಪನಿಗಳ ತಗಡಿನ ಶೀಟುಗಳು ಒಂದು ಕಡೆ ರಾಶಿ ಬಿದ್ದಿದ್ದವು, ಕಂಬ ನೆಡುತ್ತಿದ್ದರು. ಹರಿದ್ರಾ ತೀರ್ಥದಲ್ಲಿ ಕಾಲು ತೊಳೆದು ಒಳಗೆ ಹೋದ ಆಯಿ ಸಿಂಹದ ಮೇಲೆ ಕೂತ ದೇವಿಯನ್ನು ಮನಸಾರೆ ನೋಡಿದಳು, ಉಡಿ ತುಂಬಿದಳು. ಹೊರಗೆ ಬಂದರೆ ಬುಟ್ಟಿ ಹೊತ್ತ ಹೆಂಗಸರು ಸುತ್ತುಗಟ್ಟಿದರು. ಬನಶಂಕರಿಗೆ ಹೋದವರಿಗೆಲ್ಲ ಇವರು ಗೊತ್ತು: ಜೋಳದ ರೊಟ್ಟಿ, ಝುಣಕ, ಕೆಂಪು ಚಟ್ನಿ, ಸಣ್ಣ ಮಣ್ಣಿನ ಕುಡಿಕೆಯಲ್ಲಿ ಕೆನೆಮೊಸರು. ದಿನವಿಡೀ ಉಂಡಿದ್ದರೂ ಆಯಿ ಕೂತೇಬಿಟ್ಟಳು. "ಮಂದಿ ಮಾಡಿದ್ದ ಕುಂತು ಉಣ್ಣಬೇಕಂತ ಎಷ್ಟು ವರ್ಷದ ಆಸೆ ನನ್ನದು" ಎಂದಳು. ರೊಟ್ಟಿ ಸ್ವಲ್ಪ ದಪ್ಪ ಆಯಿತು ಎಂದೂ ಸೇರಿಸಿದಳು.

ಗುಳೇದಗುಡ್ಡದ ಮೇಲೆ ಹಾದು ಕಮತಗಿ ದಾರಿಯಿಂದ ಬಂದೆವು. ಗುಳೇದಗುಡ್ಡ ಖಣದ ಊರು. ನಮ್ಮ ಸೀರೆಗೆ ಅಲ್ಲಿನ ಖಣದ ಕುಪ್ಪಸವೇ ಆಗಬೇಕು. ಅಂಗಡಿ ಮುಚ್ಚಿದ್ದವು. ಅವ್ವ ಬೇಸರದಿಂದ ಇಳಕಲ್ಲಿನ ತನಕ ಮಾತಾಡಲಿಲ್ಲ.

ಓಣಿಗೆ ಬಂದು ಇಳಿದ ಮೇಲೆ ಬಾಡಿಗೆಯ ಪಾಲು ಹಾಕುವ ಕೆಲಸ ಕಾಕಾನದು. ದೊಡ್ಡವರಿಗೆ ಪೂರ್ತಿ, ಮಕ್ಕಳಿಗೆ ಅರ್ಧ. ಆಯಿಯ ಬುಟ್ಟಿ ಒಂದು ಸೀಟು ಹಿಡಿದಿತ್ತು, ಅದಕ್ಕೂ ಪೂರ್ತಿ ಎಂದು ಅವನು ಹಟ ಹಿಡಿದ. ಬರುವಾಗ ಬುಟ್ಟಿ ಖಾಲಿ ಇತ್ತು, ಹೋಗುವಾಗಿನದಷ್ಟೇ ಕೊಡುತ್ತೇನೆ ಎಂದಳು ಆಯಿ. ಡ್ರೈವರ್ ಬುಟ್ಟಿ ಎತ್ತಿ ನೋಡಿ ನಕ್ಕ. ಹೊಲದವರು ಕಡಲಿ ಗಿಡ, ಜೋಳದ ತೆನೆ, ಒಂದು ಕುಂಬಳಕಾಯಿ ತುಂಬಿ ಕಳಿಸಿದ್ದರು, ಹೋಗುವಾಗಿನದಕ್ಕಿಂತ ಭಾರವಾಗಿತ್ತು. ಕಟ್ಟೆಯ ಮೇಲೆ ಪಂಚಾಯಿತಿ ನಡೆದು, ಕೊನೆಗೆ ಬುಟ್ಟಿಗೆ ಅರ್ಧ ಎಂದು ತೀರ್ಮಾನವಾಯಿತು. ಆ ಅರ್ಧವನ್ನು ಕಾಕಾನೇ ಕೊಡಬೇಕು, ಯಾಕೆಂದರೆ ಬುತ್ತಿಯಲ್ಲಿ ಎಲ್ಲರಿಗಿಂತ ಹೆಚ್ಚು ಹೋಳಿಗಿ ತಿಂದವನು ಅವನೇ ಎಂದು ಆಯಿ ಸಾಕ್ಷಿ ಸಮೇತ ತೋರಿಸಿಕೊಟ್ಟಳು.